ಹೊಲದಲ್ಲಿ ಉಳಿದ ಕಣ್ಣು

ಹಗ್ಗ ಹಿಡಿದು ನಮ್ಮ ಹೊಲದಲ್ಲಿ ಗೆರೆ ಎಳೆಯುತ್ತಿದ್ದ ಕಲಾವಿದರು ನನ್ನ ಯಜಮಾನರ ಸಮಾಧಿಯ ಮುಂದೆ ನಿಂತುಬಿಟ್ಟರು. ಗೋಧಿ, ಮೆಂತ್ಯ ಬಿತ್ತಿ ಎಕರೆ ತುಂಬ ಎತ್ತಿನ ಚಿತ್ರ ಬೆಳೆಸಲು ಭೋಜ ಊರಿನ ಆ ಹೊಲವನ್ನು ನಾನೇ ಕೊಟ್ಟಿದ್ದೆ. ಮಣ್ಣಿನ ಗುಡ್ಡೆಯನ್ನು ಸಮ ಮಾಡುತ್ತಾರೇನೋ ಎಂದು ಹೆದರಿದೆ.

“ಅದನ್ನ ಮುಟ್ಟಬ್ಯಾಡ್ರಿ,” ಎಂದೆ.

“ಮುಟ್ಟೂದಿಲ್ರಿ ಅಕ್ಕಾರ. ಎತ್ತಿನ ಕಣ್ಣ ಇಲ್ಲೇ ಇಡೂಣು. ಯಜಮಾನ್ರು ನಿಮ್ಮ ಬಿತ್ತಿಗಿ ನೋಡ್ಕೋತ ಇರ್ಲಿ,” ಎಂದು ನಕ್ಕು, ನೆಟ್ಟಿದ್ದ ಗೂಟಗಳನ್ನೆಲ್ಲ ಕಿತ್ತು ಹೊಸದಾಗಿ ಅಳೆದರು.

ಎರಡು ತಿಂಗಳ ಮೇಲೆ ಡ್ರೋನ್ ಚಿತ್ರ ತೋರಿಸಿದರು. ಹಸಿರು ಎತ್ತಿನ ಕಪ್ಪು ಕಣ್ಣು ನೇರ ನನ್ನನ್ನೇ ನೋಡುತ್ತಿತ್ತು.

ಪೈರಿನ ಎತ್ತನ್ನು ಕೊಯ್ದಾಯಿತು, ಕಣ್ಣು ಹೊಲದಲ್ಲೇ ಇದೆ. ಈ ವರ್ಷ ಬಿತ್ತುವ ಕೂರಿಗೆ ನಾನೇ ಹಿಡಿದೆ. ಒಂದು ಸಾಲೂ ಸೊಟ್ಟಗಾಗಲಿಲ್ಲ.