‘ಒಲ್ಲೆ’ ಎನ್ನುವ ಬಟನ್

ಹೋದ ತಿಂಗಳು ಒಂದು ಭಾನುವಾರ ನನಗೆ ಸಾರವಾಡದ ಬಸ್ಸು ಮತ್ತೆ ಮತ್ತೆ ತಪ್ಪಿತು. ವಿಜಯಪುರದ ನನ್ನ ಮನೆಯ ಸೋಫಾದಿಂದ ನಾನು ಎದ್ದಿರಲೂ ಇಲ್ಲ!

ಇದು ನಮ್ಮ ಅಕ್ಕನ ಮಗಳು ಶಿಲ್ಪಾಳ ಕೆಲಸ. ಬಬಲೇಶ್ವರದ ಮನೆಯಲ್ಲಿ ಕುಳಿತು ಒಬ್ಬಳೇ ಒಂದು ವಿಡಿಯೋ ಗೇಮ್ ಮಾಡಿದ್ದಾಳೆ. ಸಂತೆ ಮುಗಿಸಿ ಸಾರವಾಡದ ಕೊನೆಯ ಬಸ್ಸು ಹಿಡಿಯಬೇಕು, ಅಷ್ಟೇ. ತಪ್ಪಿದರೆ ಅದೇ ದಿನ ಬೆಳಗ್ಗೆಯಿಂದ ಮತ್ತೆ ಶುರು. ಅದೇ ಸಂತೆ, ಅದೇ ಬಿಸಿಲು, ಅದೇ ಮೆಣಸಿನಕಾಯಿ ರಾಶಿ. (ನೌಕರಿ ಮಾಡುವವರಿಗೆ ಇದರಲ್ಲಿ ಹೊಸದೇನು ಎನ್ನಬೇಡಿ.) ಬಸ್ಸು ಎಲ್ಲಿ ನಿಲ್ಲುತ್ತದೆಂದು ಊರಿನವರನ್ನೇ ಕೇಳಬೇಕು.

ಕೇಳಿದವರೆಲ್ಲ ಚಹಾಕ್ಕೆ ಕೂರಿಸುತ್ತಾರೆ. ಕುಡಿದು ಏಳುವಷ್ಟರಲ್ಲಿ ಬಸ್ಸು ಹೋಗಿರುತ್ತದೆ.

ಗೇಮ್ ಆನ್‌ಲೈನಿಗೆ ಬಂದಿದ್ದೇ ತಡ, ದೂರು ಶುರು. ಚಹಾ ಬೇಡ ಎನ್ನುವ ಬಟನ್ ಎಲ್ಲಿದೆ? ಇದೆಂಥ ಬಗ್?

ಶಿಲ್ಪಾ ಫೋನ್ ಮಾಡಿದಳು. “ಮಾಮಾ, ಚಾ ಒಲ್ಲೆ ಅನ್ನಾವ್ರೂ ಇರತಾರ ಅನ್ನೂದು ನನ್ನ ತಲ್ಯಾಗ ಬಂದಿದ್ದಿಲ್ರಿ. ಮಂದಿ ಆಟಾ ನಡುವ ಬಿಟ್ಟ ಹೊಂಟಾರ.”

ಅಳುವುದೊಂದೇ ಬಾಕಿ. ಬ್ಯಾಂಕ್ ಪರೀಕ್ಷೆಯ ಓದು ಬಿಟ್ಟು ಹಿಡಿದ ಕೆಲಸ. ಗೇಮ್ ನಡೆಯದಿದ್ದರೆ ಮತ್ತೆ ಕೋಚಿಂಗ್ ಕ್ಲಾಸಿಗೆ ಹೋಗಬೇಕೆಂದು ಅಕ್ಕನ ಷರತ್ತು ಬೇರೆ.

ಅಪ್‌ಡೇಟ್ ಬಂತು, ‘ಒಲ್ಲೆ’ ಬಟನ್ ಬಂತು. ಈಗ ಎಲ್ಲರೂ ಒಲ್ಲೆ, ಒಲ್ಲೆ ಎಂದು ಒತ್ತುತ್ತ ಆರಾಮಾಗಿ ಬಸ್ಸು ಹತ್ತಿದರು. ಕಣ್ಣು ಮುಚ್ಚಿ ತೆಗೆಯುವುದರಲ್ಲಿ ಆಟ ಖಲಾಸ್. ಹೊಸ ದೂರು: ಇಷ್ಟೇನಾ?

ಸಮಾಧಾನ ಹೇಳಲು ಬಬಲೇಶ್ವರಕ್ಕೆ ಹೋದೆ. ಅಕ್ಕ ಕನ್ನಡಕ ಏರಿಸಿಕೊಂಡು ಮಗಳ ಗೇಮ್ ಆಡುತ್ತಿದ್ದಳು. ‘ಒಲ್ಲೆ’ ಒತ್ತಿದಳು. ಗೇಮಿನ ಮುದುಕಿ ‘ಆತು’ ಎಂದು ಸುಮ್ಮನಾದಳು. ಅಕ್ಕ ರೇಗಿದಳು.

“ಒಂದ ಸಲ ಒಲ್ಲೆ ಅಂದ್ರ ಸುಮ್ಮನ ಬಿಡತಾಳಲ್ಲ, ಎಂಥಾ ಹೆಣಮಗಳ ಈಕಿ? ಅರ್ಧಾ ಕಪ್ಪರ ಕುಡಿ ಅನ್ನಾಕ ಏನ್ ಧಾಡಿ?”

“ಯವ್ವಾ, ಅದು ಗೇಮ್ ಬೇ!”

“ಗೇಮ್ ಇದ್ರೇನಾತು? ಮನಿಗೆ ಬಂದಾರಿಲ್ಲ?”

ಶಿಲ್ಪಾ ತಟ್ಟನೆ ಲ್ಯಾಪ್‌ಟಾಪ್ ಎಳೆದುಕೊಂಡಳು.

ಈಗಿನ ವರ್ಷನ್‌ನಲ್ಲಿ ಒಲ್ಲೆ ಎಂದರೂ ಅರ್ಧ ಕಪ್ ಬರುತ್ತದೆ. ಜೊತೆಗೆ ಆ ಮನೆಯವರ ಅರ್ಧ ಕಥೆಯೂ. ಯಾರ ಮನೆಯಲ್ಲಿ ಪೂರ್ತಿ ಕುಡಿಯಬೇಕು, ಯಾರ ಮನೆಯಲ್ಲಿ ಅರ್ಧಕ್ಕೆ ಏಳಬೇಕು ಎನ್ನುವುದೇ ಆಟ. ಮೊದಲು ದೂರಿದ್ದ ಆಸಾಮಿಯೇ ಬರೆದಿದ್ದಾನೆ: ಬಸ್ಸು ಸಿಕ್ಕಿತ್ತು, ಹತ್ತಲಿಲ್ಲ, ಮುದುಕಿಯ ಮಾತು ಇನ್ನೂ ಮುಗಿದಿರಲಿಲ್ಲ. ಕೋಚಿಂಗ್ ಕ್ಲಾಸಿನ ಸುದ್ದಿಯನ್ನು ಅಕ್ಕ ಈಗ ಎತ್ತುತ್ತಿಲ್ಲ.

ಅದಿರಲಿ. ಮನೆಗೆ ಬಂದವರು ಒಲ್ಲೆ ಎಂದರೆ ನೀವು ಇನ್ನೊಮ್ಮೆ ಕೇಳುತ್ತೀರೋ, ಇಲ್ಲ ನಿಮ್ಮದೂ ಅಪ್‌ಡೇಟ್ ಆಗಿಬಿಟ್ಟಿದೆಯೋ?