ದಿಬ್ಬರೊಟ್ಟಿಯ ರುಚಿ ನೋಡುತ್ತಿದ್ದ ದಿನಗಳು

ಕಳೆದ ಭಾನುವಾರ ಬೆಳಿಗ್ಗೆ ಲಿಂಗಸುಗೂರಿನ ನಮ್ಮ ಮನೆಯ ಮೆಟ್ಟಿಲ ಮೇಲೆ ಕೂತು ಪೇಪರ್ ಓದುತ್ತಿದ್ದೆ. ಕೆಳಗಿನ ಮನೆಯಿಂದ ಉದ್ದಿನ ಹಿಟ್ಟು ಎಣ್ಣೆಯಲ್ಲಿ ಬೇಯುವ ವಾಸನೆ ಬಂತು. ಮೊದಲಿಗೆ ಹಿತವಾಗಿಯೇ ಇತ್ತು. ಸ್ವಲ್ಪ ಹೊತ್ತಿಗೆ ಅದರೊಳಗೆ ಸೀದ ವಾಸನೆಯೂ ಸೇರಿಕೊಂಡಿತು. ನನಗೆ ಅರಿವಿಲ್ಲದೆ ಎದ್ದು ನಿಂತಿದ್ದೆ. ಕೆಳಗಿನವರು ತಾವೇ ಒಲೆ ಆರಿಸಿಕೊಂಡರು, ಅದಕ್ಕೆ ನಕ್ಕದ್ದೂ ಕೇಳಿಸಿತು. ನಾನು ಮಾತ್ರ ಕೈಯಲ್ಲಿ ಪೇಪರ್ ಹಿಡಿದುಕೊಂಡು ಬಹಳ ಹೊತ್ತು ಹಾಗೆಯೇ ನಿಂತಿದ್ದೆ... ಮಸ್ಕಿಯ ಅಕ್ಕ ನೆನಪಾಗಿದ್ದಳು.

ಅಕ್ಕ ಎಂದರೆ ಒಡಹುಟ್ಟಿದವಳಲ್ಲ. ನನ್ನ ಮೊದಲ ಕೆಲಸ ಮಸ್ಕಿಯ ಒಂದು ಕಚೇರಿಯಲ್ಲಿ, ಗುತ್ತಿಗೆಯ ಮೇಲೆ ಕಂಪ್ಯೂಟರ್ ಮುಂದೆ ಕೂಡುವ ಕೆಲಸ. ಪಾಮನಕಲ್ಲೂರಿನಿಂದ ದಿನಾ ಬಸ್ಸಿಗೆ ಓಡಾಡಿ ಸಾಕಾಗಿ ಕೋಣೆ ಹುಡುಕಿದಾಗ, ಸಿಂಧನೂರು ರಸ್ತೆಯ ಬದಿಯಲ್ಲಿ ಅವಳ ಮನೆಯ ಹಿಂದಿನ ಕೋಣೆ ಸಿಕ್ಕಿತು. ಬಾಡಿಗೆ ಮನೆ ಕೇಳಲು ಹೋದರೆ ನಮ್ಮಂಥವರಿಗೆ ಒಂದು ಪ್ರಶ್ನೆ ಬಂದೇ ಬರುತ್ತದೆ. ಅಜ್ಜನ ಕಾಲಕ್ಕೇ ನಮ್ಮ ಮನೆಯ ಗೋಡೆಗೆ ಬುದ್ಧನ ಪಟ ಬಂದಿತ್ತು, ಆದರೆ ಊರವರ ಕಣ್ಣಿಗೆ ನಾವು ಇನ್ನೂ ಕೇರಿಯವರೇ. ಅಕ್ಕ ಆ ಪ್ರಶ್ನೆ ಕೇಳಲಿಲ್ಲ. ಆಮೇಲೆ ತೊಂದರೆ ಬೇಡವೆಂದು ನಾನೇ ಹೇಳಿದೆ. ಅವಳು ಬೀಗದ ಕೈ ನನ್ನ ಅಂಗೈಯಲ್ಲಿಟ್ಟು, "ನಳ ಬೆಳಿಗ್ಗಿ ಅಷ್ಟ ಬರ್ತೈತಿ ನೋಡು ಚೆಲ್ಲಿ, ನೀರು ಹಿಡದಿಟ್ಕೋಬೇಕು" ಎಂದಳು. ಚೆಲ್ಲಿ ಎಂದರೆ ಅವಳ ತೆಲುಗಿನಲ್ಲಿ ತಂಗಿ.

ಅವಳ ತವರು ಮುಕ್ಕುಂದದ ಹತ್ತಿರದ ಒಂದು ಕ್ಯಾಂಪು. ಕಾಲುವೆಗೆ ನೀರು ಬಂದ ಕಾಲದಲ್ಲಿ ಆಂಧ್ರದ ಕಡೆಯಿಂದ ಭತ್ತ ಬೆಳೆಯಲು ಬಂದು ನೆಲೆನಿಂತವರ ಊರುಗಳನ್ನು ನಮ್ಮಲ್ಲಿ ಹಾಗೆ ಕರೆಯುತ್ತಾರೆ. ತಾಯಿಯಿಂದ ಕಲಿತ ದಿಬ್ಬರೊಟ್ಟಿಯನ್ನು ಅವಳು ಮನೆಯ ಮುಂದಿನ ತಗಡಿನ ಚಪ್ಪರದಲ್ಲಿ ಮಾಡಿ ಮಾರುತ್ತಿದ್ದಳು. ಉದ್ದಿನಬೇಳೆ ನೆನೆಸಿ ರುಬ್ಬಿ, ತೊಳೆದ ಅಕ್ಕಿ ರವೆ ಬೆರೆಸಿ, ರಾತ್ರಿಯಿಡೀ ಮುಚ್ಚಿಡುವುದು. ಬೆಳಿಗ್ಗೆ ಉಪ್ಪು, ಜೀರಿಗೆ ಹಾಕಿ, ದಪ್ಪ ತಳದ ಬಾಣಲೆಗೆ ಧಾರಾಳ ಎಣ್ಣೆ ಬಿಟ್ಟು, ಹಿಟ್ಟನ್ನೆಲ್ಲ ಒಮ್ಮೆಗೇ ಸುರಿದು, ಮುಚ್ಚಳದ ಮೇಲೂ ಕೆಂಡ ಹಾಕಿ ಸಣ್ಣ ಉರಿಯಲ್ಲಿ ಬೇಯಿಸುವುದು. ಮೇಲೆ ಕೆಳಗೆ ಕೆಂಪಗೆ ಗರಿಗರಿ, ನಡುವೆ ಮೆತ್ತಗೆ. ಕೊಯ್ದ ತುಂಡಿನ ಒಂದು ಬದಿಗೆ ಬೆಲ್ಲದ ಪಾಕ, ಇನ್ನೊಂದು ಬದಿಗೆ ಖಾರವಾದ ಹಸಿಶುಂಠಿ ಚಟ್ನಿ. ಮಂಡಕ್ಕಿಯ ಸೂಸ್ಲಾ, ಮಿರ್ಚಿ ಭಜಿ ತಿಂದು ಬೆಳೆದ ನಮ್ಮವರು ಮೊದಮೊದಲು ನಾಷ್ಟಾಕ್ಕೆ ಬೆಲ್ಲ ಹಚ್ಚಿಕೊಳ್ಳಲು ಹಿಂದೆಮುಂದೆ ನೋಡುತ್ತಿದ್ದರಂತೆ. ನಾನು ಹೋಗುವ ಹೊತ್ತಿಗೆ ತಟ್ಟೆ ಹಿಡಿದು ನಿಲ್ಲುತ್ತಿದ್ದರು.

ಕೊರೊನಾ ಎರಡನೇ ಸಲ ಬಂದಾಗ ಅಕ್ಕನಿಗೆ ಜ್ವರ ಹಿಡಿಯಿತು. ಸಿಂಧನೂರಿನ ದವಾಖಾನೆಯಿಂದ ಸೊರಗಿ ಮನೆಗೆ ಬಂದಳು. ಅವಳ ಗಂಡನಿಗೆ ನಾನು ಮಾವ ಎನ್ನುತ್ತಿದ್ದೆ. ಅವನದು ಪಕ್ಕದಲ್ಲೇ ಟ್ರ್ಯಾಕ್ಟರ್ ಟೈರಿಗೆ ಪಂಕ್ಚರ್ ಹಾಕುವ ಅಂಗಡಿ. ಇನ್ನಷ್ಟು ದಿನ ಸುಮ್ಮನಿರು ಎಂದು ಅವನು ಎಷ್ಟು ಹೇಳಿದರೂ ಕೇಳದೆ ಅಕ್ಕ ಮತ್ತೆ ಒಲೆ ಹಚ್ಚಿದಳು.

ಒಲೆ ಹಚ್ಚಿದ ಕೆಲವೇ ದಿನಕ್ಕೆ ನಾನು ತಲೆ ಬಾಚಿಕೊಳ್ಳುತ್ತಿದ್ದಾಗ ಸೀದ ವಾಸನೆ ಮೂಗಿಗೆ ಹೊಡೆಯಿತು. ಓಡಿಹೋದೆ. ಬಾಣಲೆಯ ಅಂಚಿನಿಂದ ಹೊಗೆ ಏಳುತ್ತಿತ್ತು. ಅಕ್ಕ ಅದಕ್ಕೆ ಬೆನ್ನು ಹಾಕಿ ಕೂತು ಶಾಂತವಾಗಿ ಶುಂಠಿ ಹೆರೆಯುತ್ತಿದ್ದಳು.

"ಅಕ್ಕಾ, ರೊಟ್ಟಿ ಸೀಯಾಕತ್ತೈತಿ!"

ತಿರುಗಿ ಹೊಗೆ ಕಂಡಾಗ ಅವಳ ಮುಖದ ಬಣ್ಣವೇ ಇಳಿದುಹೋಯಿತು. ಬಾಣಲೆ ಇಳಿಸಿದಳು. ಹೊರಗೆ ಗಿರಾಕಿಗಳು ಬರತೊಡಗಿದ್ದರು. ನನ್ನ ರಟ್ಟೆ ಹಿಡಿದು ಒಳಗೆ ಕರೆದುಕೊಂಡು ಹೋಗಿ ಬಾಗಿಲು ಮುಂದೆ ಮಾಡಿದಳು.

"ವಾಸನಿ ಬರವಲ್ದು ಚೆಲ್ಲಿ. ರುಚೀನೂ ಹತ್ತವಲ್ದು. ಉಪ್ಪು ಹಾಕೀನೋ ಇಲ್ಲೋ ತಿಳೀವಲ್ದು. ಬಾಯಿ ಸತ್ತು ಹೋಗೈತಿ. ಯಾರ ಮುಂದೂ ಅನಬ್ಯಾಡ. ತಿಳಿದ್ರ ಒಬ್ಬನೂ ಈ ಕಡೆ ಹಾಯಂಗಿಲ್ಲ."

"ಮಾವಗೂ ಹೇಳಿಲ್ಲೇನು?"

"ಅವ ತಂಬಾಕು ತಿಂದು ತಿಂದು ನಾಲಿಗಿ ಸುಟ್ಕೊಂಡಾನ. ಕೇಳಿದ್ದಕ್ಕೆಲ್ಲ ಛಲೋ ಐತಿ ಅಂತಾನ."

ಮರುದಿನದಿಂದ ನಾನೇ ರುಚಿ ನೋಡತೊಡಗಿದೆ. ನೀರು ಹಿಡಿದಿಟ್ಟು ಚಪ್ಪರಕ್ಕೆ ಹೋದರೆ ಅಕ್ಕ ಚಮಚದಲ್ಲಿ ಹಿಟ್ಟು, ಪಾಕ, ಚಟ್ನಿ ತೆಗೆದು ಕೊಡುತ್ತಿದ್ದಳು. ಕೊಟ್ಟು ನನ್ನ ಮುಖವನ್ನೇ ನೋಡುತ್ತಾ ನಿಲ್ಲುತ್ತಿದ್ದಳು. ನಾನು ನುಂಗಿ ಮಾತಾಡುವವರೆಗೂ ಅವಳ ಉಸಿರು ನಿಂತಿರುತ್ತಿತ್ತು. ನಮ್ಮ ಕಡೆಯ ಬೇಸಿಗೆ ಎಂದರೆ ಗೊತ್ತೇ ಇದೆ, ಹಿಟ್ಟಿನ ಪಾತ್ರೆಯನ್ನು ನೀರಿನ ಬೋಗುಣಿಯಲ್ಲಿಟ್ಟು ಒದ್ದೆ ಬಟ್ಟೆ ಸುತ್ತಿದರೂ ಬೆಳಗಾಗುವಷ್ಟರಲ್ಲಿ ಹುಳಿ ಏರಿಬಿಡುತ್ತಿತ್ತು. ಆ ಹುಳಿ ಸಾಕೋ ಹೆಚ್ಚಾಯಿತೋ ಎಂದು ಹೇಳುವ ಹೊಣೆ ನನ್ನ ಮೇಲೆ. ಮನೆಯಲ್ಲಿ ಅವ್ವ ಬಡಿಸಿದ್ದನ್ನು ಸುಮ್ಮನೆ ಉಂಡು ಎದ್ದವಳು ನಾನು. ಯಾರದೋ ಹೊಟ್ಟೆ ಕೆಟ್ಟರೆ, ಯಾರೋ ತಟ್ಟೆ ಬದಿಗಿಟ್ಟು ಎದ್ದರೆ ಎಂಬ ಹೆದರಿಕೆಯಲ್ಲಿ ಕಚೇರಿಗೆ ಹೋದಮೇಲೂ ಮನಸ್ಸು ಚಪ್ಪರದಲ್ಲೇ ಇರುತ್ತಿತ್ತು. ಒಮ್ಮೆ ನನಗೇ ನೆಗಡಿಯಾಗಿ ಮೂಗು ಕಟ್ಟಿತು. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಆ ದಿನ ಅಕ್ಕ ಮೈಗೆ ಹುಷಾರಿಲ್ಲವೆಂದು ಒಲೆಯನ್ನೇ ಹಚ್ಚಲಿಲ್ಲ.

ನನಗೆ ಇನ್ನೊಂದು ಅಂಜಿಕೆಯೂ ಇತ್ತು. ಅದನ್ನು ಅವಳ ಮುಂದೆ ಆಡಿರಲಿಲ್ಲ. ನಾನು ರುಚಿ ನೋಡಿದ್ದನ್ನು ತಿನ್ನುತ್ತಿದ್ದವರಲ್ಲಿ, ನನ್ನ ಕೈಯಿಂದ ನೀರು ಕೂಡ ಮುಟ್ಟದವರು ಇದ್ದರು. ಅದಕ್ಕೇ ಗಿರಾಕಿಗಳು ಬರುವ ಮೊದಲೇ ಚಮಚ ತೊಳೆದಿಟ್ಟು ಕೋಣೆ ಸೇರಿಕೊಳ್ಳುತ್ತಿದ್ದೆ.

ಅಂಥವರಲ್ಲಿ ಕಟ್ಟಿಗೆ ಅಡ್ಡೆಯ ಯಜಮಾನನೂ ಒಬ್ಬ. ದಿನಾ ಬೈಕಿನಲ್ಲಿ ಬಂದು ಪಾರ್ಸಲ್ ಒಯ್ಯುತ್ತಿದ್ದ. ಮೊಮ್ಮಗಳ ತೊಟ್ಟಿಲ ಕಾರ್ಯಕ್ಕೆ ಮನೆತುಂಬ ಬೀಗರು ಬರುತ್ತಾರೆ, ಬೆಳಗಿನ ನಾಷ್ಟಾಕ್ಕೆ ದಿಬ್ಬರೊಟ್ಟಿಯೇ ಬೇಕು ಎಂದು ಹೇಳಿಹೋದ. ಜ್ವರ ಬಿಟ್ಟಮೇಲೆ ಅಕ್ಕನಿಗೆ ಬಂದ ಮೊದಲ ದೊಡ್ಡ ಕೆಲಸ ಅದು. ಎರಡು ದಿನ ಅವಳಿಗೆ ಊಟ ಸೇರಲಿಲ್ಲ. "ಹೆಚ್ಚುಕಮ್ಮಿ ಆದ್ರ ಊರ ತುಂಬ ಮಾತಾಕ್ಕೈತಿ ಚೆಲ್ಲಿ" ಎಂದು ಹಿಟ್ಟು ರುಬ್ಬುವಾಗಲೂ ಅನ್ನುತ್ತಲೇ ಇದ್ದಳು.

ಆ ಬೆಳಿಗ್ಗೆ ಯಜಮಾನ ಹೇಳಿದ ಹೊತ್ತಿಗಿಂತ ಮೊದಲೇ ಬಂದುಬಿಟ್ಟ. ನಾನು ದೊಡ್ಡ ಪಾತ್ರೆಯ ಮುಂದೆ ಚಮಚ ಬಾಯಲ್ಲಿಟ್ಟುಕೊಂಡು ನಿಂತಿದ್ದೆ. ಚಪ್ಪರದ ಇನ್ನೊಂದು ಬದಿಗೆ, ನಾಟಿಗೆ ಹೋಗುವ ಹೆಂಗಸರು ಟ್ರ್ಯಾಕ್ಟರ್‌ಗಾಗಿ ಕಾಯುತ್ತಾ ಕೂತಿದ್ದರು.

"ಈ ಹುಡುಗಿ ಯಾರು?"

"ಹಿಂದಿನ ಖೋಲ್ಯಾಗ ಇರ್ತಾಳ್ರೀ. ನನ್ನ ತಂಗಿ ಇದ್ದಂಗ" ಎಂದಳು ಅಕ್ಕ.

"ಅದಲ್ಲ ಕೇಳಿದ್ದು. ಯಾರ ಪೈಕಿ?"

ಅಕ್ಕ ಬಾಯಿ ತೆರೆಯುವ ಮೊದಲೇ ನಾನು ನಮ್ಮ ಕೇರಿಯ ಹೆಸರು ಹೇಳಿದೆ. ಸುಳ್ಳು ಹೇಳಲು ನಾಲಿಗೆ ಏಳಲಿಲ್ಲ. ಆತ ನನ್ನ ಕಡೆ ಮತ್ತೆ ನೋಡಲೇ ಇಲ್ಲ. ದನಿ ಏರಿಸಲೂ ಇಲ್ಲ.

"ನೋಡವಾ, ಮನ್ಯಾಗ ಶುಭ ಕಾರ್ಯ ಐತಿ. ಆ ಹಿಟ್ಟು ಹೊರಗ ಸುರುವಿ ಬ್ಯಾರೆ ಕಲಸು. ಈಕಿನ್ನ ಇಲ್ಲಿಗೆ ಬಿಟ್ಕೋಬ್ಯಾಡ. ನಾ ಯಾರ ಮುಂದೂ ಅನ್ನಂಗಿಲ್ಲ."

ಅಕ್ಕ ಸೌಟನ್ನು ಕೆಳಗಿಟ್ಟಳು. ಹೂಂ ಎಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು, ನಾನೂ ತಲೆ ತಗ್ಗಿಸಿ ಕೋಣೆಗೆ ಹೋಗಿರುತ್ತಿದ್ದೆ. ಹೊರಗೆ ಹೋಗಲು ಒಂದು ಹೆಜ್ಜೆ ಎತ್ತಿಯೂ ಇದ್ದೆ. ಅಕ್ಕ ನನ್ನ ಸೆರಗು ಹಿಡಿದು ನಿಲ್ಲಿಸಿದಳು.

"ಯಜಮಾನ್ರ, ಜ್ವರ ಬಂದಾಗಿಂದ ನನ್ನ ಬಾಯಿಗೆ ಉಪ್ಪಿಲ್ಲ, ಹುಳಿ ಇಲ್ಲ. ಮೂಗಿಗೆ ವಾಸನಿ ಇಲ್ಲ. ಇಷ್ಟು ದಿನ ನೀವು ಛಲೋ ಐತಿ ಅಂತ ತಿಂದಿದ್ದೆಲ್ಲ ಈಕಿ ರುಚಿ ನೋಡಿ ಕೊಟ್ಟಿದ್ರೀ. ಈಕಿ ಹೋದ್ರ ನನ್ನ ಒಲೀನೂ ಆರ್ತೈತಿ."

ಕೂತ ಹೆಂಗಸರೆಲ್ಲ ಕೇಳಿಸಿಕೊಂಡರು. ಇಷ್ಟು ದಿನ ಮುಚ್ಚಿಟ್ಟು, ಹೆದರಿ ಹೆದರಿ ಕಾಪಾಡಿಕೊಂಡ ಮಾತನ್ನು ಅವಳೇ ಊರಿಗೆ ಒಪ್ಪಿಸಿಬಿಟ್ಟಿದ್ದಳು. ಯಜಮಾನ ಬೈಕ್ ಹತ್ತಿ ಹೋದ. ಅಕ್ಕ ಒಲೆಯ ಮುಂದೆ ಕೂತಳು. ಅಷ್ಟೂ ಹಿಟ್ಟು ಬಿಸಿಲೇರಿದಂತೆ ಹುಳಿಯುತ್ತಿತ್ತು.

ಹೆಂಗಸರಲ್ಲಿ ವಯಸ್ಸಾದವಳೊಬ್ಬಳು ಎದ್ದು ಬಂದಳು. "ನಮಗ ಹಾಕವ್ವ, ಟ್ಯಾಕ್ಟರ್ ಬರ್ತೈತಿ. ಬೆಲ್ಲ ಜಾಸ್ತಿ ಹಾಕು" ಎಂದಳು. ಆಮೇಲೆ ನನ್ನ ಕಡೆ ತಿರುಗಿ, "ಉಪ್ಪು ಬರೋಬರಿ ಐತೇನವಾ?" ಎಂದು ಕೇಳಿದಳು. ಐತಿ ಎಂದೆ.

ಅಂದು ಅವರು ಟವೆಲಿನಲ್ಲಿ ಕಟ್ಟಿಕೊಂಡು ಹೋದದ್ದು ಬಿಟ್ಟರೆ ಬಹಳಷ್ಟು ಉಳಿಯಿತು. ಮುಂದಿನ ತಿಂಗಳುಗಳು ಕಷ್ಟದವು. ಕೆಲವರು ನನ್ನ ಕಾರಣಕ್ಕೆ ಬರುವುದನ್ನು ಬಿಟ್ಟರು, ಕೆಲವರು ಅವಳ ನಾಲಿಗೆಯ ಕಾರಣಕ್ಕೆ. ಯಾರು ಯಾವುದಕ್ಕೆ ಬಿಟ್ಟರೋ ಕೇಳುವ ಹಾಗಿರಲಿಲ್ಲ. ನಾನು ಕೋಣೆ ಖಾಲಿ ಮಾಡುತ್ತೇನೆಂದಾಗ ಅಕ್ಕ ಎರಡು ದಿನ ಮಾತು ಬಿಟ್ಟಳು. ಹಾಗಾಗಿ ಉಳಿದೆ. ನಾಟಿಯ ಹೆಂಗಸರು, ಲಾರಿಯವರು, ಹಾದಿಯ ಮೇಲಿನವರು, ಹೀಗೆ ಬೇರೆಯದೇ ಮಂದಿ ನಿಧಾನವಾಗಿ ಕೂಡಿದರು. ಹಳಬರಲ್ಲಿಯೂ ಕೆಲವರು ಮರಳಿದರು. ಯಜಮಾನ ಮರಳಲಿಲ್ಲ.

ಆಮೇಲೆ ನನಗೆ ಲಿಂಗಸುಗೂರಿನಲ್ಲಿ ಕಾಯಂ ಕೆಲಸವಾಯಿತು. ಆದೇಶ ಕೈಗೆ ಬಂದಾಗ ಸಂತೋಷಕ್ಕಿಂತ ಮೊದಲು ದಿಗಿಲಾಯಿತು. ಅಕ್ಕನಿಗೆ ಹೇಳಲು ಹಿಂಜರಿದೆ. ಅವಳಿಗೆ ಹೇಗೋ ತಿಳಿದು, ಮರುದಿನ ಹಿಟ್ಟು ಬಾಯಿಗಿಟ್ಟುಕೊಂಡು, "ಚೆಲ್ಲೀ, ಉಪ್ಪು ಕಮ್ಮಿ ಐತಿ!" ಎಂದು ಕೂಗಿದಳು. ನೋಡಿದರೆ ನಿಜಕ್ಕೂ ಕಡಿಮೆ ಇತ್ತು. ನಾವಿಬ್ಬರೂ ಕೈ ಹಿಡಿದುಕೊಂಡು ಅತ್ತೆವು. ನಾನು ನಿರಾಳವಾಗಿ ಹೊರಟೆ. ಬಾಯಿಗೆ ರುಚಿ ಮರಳಿತೆಂದು ಅವಳು ತೋರಿಸಿಕೊಂಡದ್ದು ಸುಳ್ಳು. ಉಪ್ಪನ್ನು ಬೇಕೆಂದೇ ಕಡಿಮೆ ಹಾಕಿದ್ದಳು.

ಅದು ಗೊತ್ತಾದದ್ದು ಒಂದು ವರ್ಷವಾದಮೇಲೆ. ಊರಿಗೆ ಹೋಗುವ ದಾರಿಯಲ್ಲಿ ಇಳಿದು ಅವಳ ಮನೆಗೆ ಹೋದೆ. ಸಡಗರದಲ್ಲಿ ಚಹಾ ಮಾಡಿ ತಂದಳು, ತಾನು ಒಂದು ಗುಟುಕು ಕುಡಿದು, "ಛಲೋ ಆಗೈತಿ ಕುಡಿ" ಎಂದಳು. ಬಾಯಿಗಿಟ್ಟೆ. ಸಕ್ಕರೆಯ ಬದಲು ಉಪ್ಪು. ನನ್ನ ಮುಖ ನೋಡಿದ್ದೇ ಅವಳು ಲೋಟ ಕಸಿದುಕೊಂಡಳು.

"ಅವತ್ತು ಖರೆ ಹೇಳಿದ್ರ ನೀ ಹೋಗ್ತಿದ್ದಿಲ್ಲ" ಎಂದಳು, ನೆಲ ನೋಡುತ್ತಾ.

"ಈಗ ಹೆಂಗ ಮಾಡ್ತಿ ಅಕ್ಕಾ?"

"ಮೊದಲನೇ ಗಿರಾಕಿ ಮುಖ ನೋಡ್ತೀನಿ. ಅವ ಒಂದು ತುತ್ತು ನುಂಗೋತನ ಜೀವ ಕೈಯಾಗ ಹಿಡ್ಕೊಂಡಿರ್ತೀನಿ."

"ದಿನಾ?"

"ದಿನಾ."

ಅವಳು ಎದ್ದು ಹೋಗಿ ಬೇರೆ ಚಹಾ ಕಾಸಿ ತಂದಳು. ಅದರಲ್ಲಿ ಸಕ್ಕರೆ ಇತ್ತು...

ಹೋದ ವರ್ಷದ ಚಳಿಯಲ್ಲಿ ಎದೆನೋವೆಂದು ಕೂತವಳು ಏಳಲಿಲ್ಲವಂತೆ. ಮಾವ ಫೋನ್ ಮಾಡಿದ. ನಾನು ಹೋಗಿ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಮನೆಯಲ್ಲಿ ಮಂದಿ ಇದ್ದರು, ಯಾರೂ ನನ್ನನ್ನು ಯಾರ ಪೈಕಿ ಎಂದು ಕೇಳಲಿಲ್ಲ. ಹೊರಡುವಾಗ ಮಾವ ರಸ್ತೆಯವರೆಗೂ ಬಂದ. ಬಸ್ಸು ಕಂಡಾಗ ಅಂದ: "ನೀ ಹೋದಮ್ಯಾಲ ಆಕಿ ದಿನಾ ಹೆದರ್ಕೊಂಡ ಒಲಿ ಹಚ್ಚತಿದ್ಲವಾ. ಆದ್ರ ಹಚ್ಚದ ಒಂದಿನಾನೂ ಬಿಡಲಿಲ್ಲ."

ಈಗ ಊರಿಗೆ ಹೋಗುವಾಗ ಬಸ್ಸು ಅದೇ ಮನೆಯ ಮುಂದೆ ಹಾಯುತ್ತದೆ. ಚಪ್ಪರ ಕಿತ್ತು ಯಾರೋ ಮೊಬೈಲ್ ಅಂಗಡಿ ಹಾಕಿದ್ದಾರೆ. ಆ ತಿರುವು ಬರುವ ಮೊದಲೇ ನನ್ನ ಕೈ ಮುಂದಿನ ಸೀಟಿನ ಸರಳನ್ನು ಬಿಗಿಯಾಗಿ ಹಿಡಿದಿರುತ್ತದೆ. ಚೆಲ್ಲಿ ಎಂದು ನನ್ನನ್ನು ಕರೆಯುವವರು ಈಗ ಯಾರೂ ಇಲ್ಲ. ಬಸ್ಸು ಮುಂದೆ ಹೋಗುತ್ತದೆ.