ಹೆಸರು ಪರೀಕ್ಷಿಸುತ್ತಿದ್ದ ರೇವಣ್ಣ ಮೇಷ್ಟ್ರು

ರೇವಣ್ಣ ಮೇಷ್ಟ್ರು ನಾಮಕರಣಕ್ಕೆ ಬರುತ್ತಾರೆಂದು ತಿಳಿದರೆ ಮಧುಗಿರಿಯ ಹೆಂಗಸರು ತೊಟ್ಟಿಲ ಹಾಡನ್ನು ಬೇಗ ಬೇಗ ಮುಗಿಸುತ್ತಿದ್ದರು. ಸೋದರತ್ತೆ ಮಗುವಿನ ಕಿವಿಯಲ್ಲಿ ಹೆಸರು ಹೇಳುವ ಹೊತ್ತಿಗೆ ಸರಿಯಾಗಿ ಅವರು ಬಾಗಿಲಲ್ಲಿ ನಿಂತು, "ಹೆಸರೇನೋ ಚೆನ್ನಾಗೈತೆ. ಅರ್ಥ ಯಾರು ಹೇಳಿದ್ರು?" ಎಂದು ಕೇಳಿಬಿಡುತ್ತಿದ್ದರು.

ಮಿಡ್ಲ್ ಸ್ಕೂಲಿನಲ್ಲಿ ಕನ್ನಡ ಪಂಡಿತರಾಗಿ ನಿವೃತ್ತರಾಗಿದ್ದ ಅವರಿಗೆ ಸುಮ್ಮನೆ ಕೂರುವುದು ತಿಳಿಯದು. ಮಣೆ ಹಾಕಿದರೆ ಅದರ ಸುತ್ತ ಓಡಾಡುವರು. ಕುಳಿತರೂ ಒಂದು ಕಾಲು ಅಲುಗುತ್ತಲೇ ಇರುವುದು. ಯಾವುದೋ ಹೆಸರಿನ ಮೂಲದ ಬಗ್ಗೆ ಸಂದೇಹ ಬಂದರೆ, ಯುದ್ಧಕಾಲದಲ್ಲಿ ಇದ್ದಿಲಿನಿಂದ ಓಡುತ್ತಿದ್ದ ಬಸ್ಸಿಗೂ ಕಾಯದೆ, ನಡೆದೇ ಕೊರಟಗೆರೆಗೆ ಹೊರಟುಬಿಡುವರು. ಆ ಹೆಸರಿನ ಮುದುಕರನ್ನು ಹುಡುಕಿ ಕೇಳಿಕೊಂಡು ಬರುವರು. "ಕೋಶ ಅರ್ಥ ಹೇಳ್ತದೆ ಕಣಮ್ಮ, ಕಾರಣ ಹೇಳಲ್ಲ" ಎನ್ನುತ್ತಿದ್ದರು.

ಶಿರಾದಲ್ಲಿ ನಮ್ಮ ನೆಂಟರು ಮಗುವಿಗೆ ವಾರುಣಿ ಎಂದು ಹೆಸರಿಟ್ಟಾಗ ನಾನೂ ಇದ್ದೆ. ವರುಣನ ಮಗಳು ಎಂದು ತಂದೆ ಬೀಗುತ್ತಿದ್ದ.

"ಅದೂ ಸರಿಯೇ. ಹೆಂಡ ಅಂತಾನೂ ಐತೆ" ಎಂದರು ಮೇಷ್ಟ್ರು.

ಮಗುವಿನ ಅಜ್ಜಿ ಮಗನ ಕಡೆ ತಿರುಗಿದಳು. "ನಿಮ್ಮಪ್ಪ ಕುಡ್ದು ಹಾಳಾಗಿದ್ದು ಸಾಲ್ದು ಅಂತ ಮಗೀಗೂ ಅದೇ ಹೆಸ್ರು ಇಕ್ಕಿದ್ಯೇನ್ಲಾ?"

ಸಂಜೆಯೊಳಗೆ ಮಗು ಪಾರ್ವತಿಯಾಯಿತು.

ನನ್ನ ಹೆಸರು ತಿಪ್ಪಮ್ಮ. ತುಮಕೂರಿನ ಹೈಸ್ಕೂಲಿನಲ್ಲಿ ಹುಡುಗಿಯರು ನನ್ನನ್ನು ಕಂಡರೆ ಮೂಗು ಮುಚ್ಚಿಕೊಳ್ಳುತ್ತಿದ್ದರು. ಮನೆಯಲ್ಲಿ ಅದನ್ನು ಹೇಳಿರಲಿಲ್ಲ. ಮೈಸೂರಿನ ಕಾಲೇಜಿಗೆ ಸೇರುವುದು ನಿಶ್ಚಯವಾದಾಗ ಮಾತ್ರ, ಹೆಸರು ಬದಲಾಯಿಸಿ ಎಂದು ಅಪ್ಪನನ್ನು ಕೇಳಿದೆ.

"ಅದು ತಿಪ್ಪೇಸ್ವಾಮಿ ಹರಕೆ ಹೆಸ್ರು, ಮುಟ್ಟಬಾರ್ದು" ಎಂದರು ಅಪ್ಪ. ನಾನು ಬಿಡಲಿಲ್ಲ. "ಮೇಷ್ಟ್ರು ನೋಡಿ ಹೇಳ್ಲಿ, ಅಂಗೇ ಮಾಡಾನ" ಎಂದರು. ಅಮ್ಮ ಎದ್ದು ಒಳಗೆ ಹೋದಳು.

ಮೇಷ್ಟ್ರು ಅಂದೇ ಹೊರಟರು. ಕಾಲೇಜು ತೆರೆಯುವ ದಿನ ಹತ್ತಿರವಾಗುತ್ತಿತ್ತು. ನಾನು ಪೆಟ್ಟಿಗೆಗೆ ಸೀರೆ ತುಂಬುವೆ, ಮತ್ತೆ ತೆಗೆಯುವೆ. ಬೀದಿಯಲ್ಲಿ ಚಪ್ಪಲಿ ಸದ್ದಾದರೆ ಬಾಗಿಲಿಗೆ ಬರುವೆ. ಕಡೆಗೊಂದು ಬೆಳಗ್ಗೆ ಮೇಷ್ಟ್ರು ಮೊಣಕಾಲಿನವರೆಗೆ ಧೂಳಾಗಿ ಬಂದರು. ಅಮ್ಮ ಅಂಗಳದಲ್ಲಿ ರಾಗಿ ಕೇರುತ್ತಿದ್ದಳು.

"ಕೊರಟಗೆರೇಲಿ ನಿಮ್ಮಪ್ಪನ ಕಡೆಯೋರ್ನ, ಪಾವಗಡದಲ್ಲಿ ನಿಮ್ಮಮ್ಮನ ಕಡೆಯೋರ್ನ, ಎಲ್ಲಾರ್ನೂ ಕೇಳ್ದೆ. ಹರಕೆ ಸುದ್ದಿ ಯಾರಿಗೂ ಗೊತ್ತಿಲ್ಲ. ಧಾರಾಳವಾಗಿ ಬದಲಾಯಿಸಮ್ಮ" ಎಂದರು. ಅವರ ಕಾಲು ಖುಷಿಯಿಂದ ಅಲುಗುತ್ತಿತ್ತು. "ನಾನೇ ಒಂದು ಒಳ್ಳೇ ಹೆಸರು ನೋಡಿಟ್ಟಿದ್ದೀನಿ."

ಅಮ್ಮ ಮೊರ ಕೆಳಗಿಟ್ಟಳು.

"ಬ್ಯಾಡ ಮೇಷ್ಟ್ರೇ. ನೀವು ನೋಡಿದ್ದು ಸಾಕು. ನನ್ನ ಮೊದಲ್ನೇ ಕೂಸಿಗೆ ಅಮೃತಾ ಅಂತ ಇಟ್ಟೋರು ನೀವು. ಸಾವಿಲ್ದೋಳು ಅಂದ್ರಿ. ವರ್ಷ ತುಂಬ್ನಿಲ್ಲ. ಎರಡ್ನೇದು ಗಂಡು. ಚಿರಾಯು ಅಂದ್ರಿ, ಕೋಶ ತಂದು ತೋರ್ಸಿದ್ರಿ. ಅದೂ ಉಳೀನಿಲ್ಲ. ಇವಳು ಹುಟ್ಟಿದಾಗ ಯಾರ್ನೂ ಕೇಳ್ನಿಲ್ಲ. ಮೊರದಾಗೆ ಹಾಕಿ ತಿಪ್ಪೆ ಮ್ಯಾಲೆ ಮಲಗ್ಸಿದ್ವಿ. ಸೂಲಗಿತ್ತಿ ಎತ್ಕೊಂಡ್ಲು. ಅವಳಿಗೆ ಒಂದು ಸೇರು ರಾಗಿ ಕೊಟ್ಟು ನಾನು ಕೊಂಡ್ಕಂಡೆ. ಕಸ ಅಂತ ಜವರಾಯ ಇದೊಂದ್ನ ಬುಟ್ಟೋಗ್ಲಿ ಅಂತ."

ನನಗೆ ಅಕ್ಕ, ಅಣ್ಣ ಇದ್ದರೆಂದು ತಿಳಿದದ್ದು ಆಗಲೇ. ಊರಿನ ಎಷ್ಟೋ ತೊಟ್ಟಿಲುಗಳ ಮುಂದೆ ನಿಂತಿದ್ದ ಮೇಷ್ಟ್ರಿಗೆ ಆ ಎರಡು ನೆನಪಿರಲಿಲ್ಲ. ಅವರ ಕಾಲು ಅಲುಗುವುದು ನಿಂತಿತು. ಅಮ್ಮ ಆಗಲೇ ಮೊರ ಎತ್ತಿಕೊಂಡಿದ್ದಳು. ಮೇಷ್ಟ್ರು ನೀರನ್ನೂ ಕುಡಿಯದೆ ಹೋದರು. ನನಗೆ ನೋಡಿಟ್ಟಿದ್ದ ಹೆಸರು ಯಾವುದೆಂದು ನಾನೂ ಕೇಳಲಿಲ್ಲ.

ತಿಪ್ಪಮ್ಮನಾಗಿಯೇ ಮೈಸೂರಿಗೆ ಹೋದೆ. ಮೇಷ್ಟ್ರು ಆಮೇಲೆ ಯಾರ ನಾಮಕರಣಕ್ಕೂ ಹೋಗಲಿಲ್ಲವಂತೆ. ನಾನು ದಸರಾ ರಜೆಗೆ ಊರಿಗೆ ಬರುವಷ್ಟರಲ್ಲಿ ಅವರು ತೀರಿಕೊಂಡಿದ್ದರು. ಅಮ್ಮ ಒಲೆಯ ಮುಂದೆ ಕುಳಿತು, ನನ್ನ ಮುಖ ನೋಡದೆ ಹೇಳಿದಳು:

"ಹಾಸಿಗೆ ಹಿಡಿಯೋಕೆ ಮುಂಚೆ ಒಂದ್ಸಲ ಬಂದಿದ್ರು. ಒಳಕ್ಕೆ ಬನ್ನಿ ಅಂದೆ, ಬರ್ನಿಲ್ಲ. 'ತಿಪ್ಪಮ್ಮ ಚೆನ್ನಾಗವ್ಳಾ?' ಅಂದ್ರು. 'ಅವ್ಳೆ' ಅಂದೆ. ಅಷ್ಟು ಕೇಳ್ಕಂಡು ಹೋದ್ರು."